ಬಣ್ಣ ಬಳಿದ ಮೇಲೆ ಮುಂದೇನು?

ಕಳೆದ ವರ್ಷ ಬೆಂಗಳೂರಿನ ನಮ್ಮ ಬಡಾವಣೆಯಲ್ಲಿ ಕಸ ಸುರಿಯುವ ಮೂಲೆಯೊಂದನ್ನು ನಾವು ಗೆಳೆಯರು ಗುಡಿಸಿ, ಗೋಡೆಗೆ ಬಣ್ಣ ಬಳಿದೆವು. ಫೋಟೊ ತೆಗೆದುಕೊಂಡೆವು. ಎರಡೇ ವಾರದಲ್ಲಿ ಕಸ ಮತ್ತೆ ಬಂತು. ನಾವು ಮಾತ್ರ ಮತ್ತೆ ಹೋಗಲಿಲ್ಲ.

ಆಗ ನೆನಪಾಗಿದ್ದು ಅಮೆರಿಕದ ಡೆಟ್ರಾಯಿಟ್. ಮೆಕ್ಯಾನಿಕಲ್ ವಿದ್ಯಾರ್ಥಿಗಳಿಗೆ ಅದು ಕಾರುಗಳ ಊರು. ಕೆಲಸಗಳು ಕೈಬಿಟ್ಟಂತೆ ಜನರೂ ಊರು ಬಿಟ್ಟರು. 1950ರಲ್ಲಿ 18 ಲಕ್ಷ ದಾಟಿದ್ದ ಜನಸಂಖ್ಯೆ 2010ಕ್ಕೆ ಸುಮಾರು 7 ಲಕ್ಷಕ್ಕೆ ಇಳಿಯಿತು. ಬೀದಿ ಬೀದಿಗಳಲ್ಲಿ ಮನೆಗಳು ಪಾಳುಬಿದ್ದವು.

ಅಂಥ ಒಂದು ಬೀದಿ ಹೈಡೆಲ್‌ಬರ್ಗ್. ಅಲ್ಲೇ ಬೆಳೆದ ಕಲಾವಿದ ಟೈರಿ ಗೈಟನ್ 1986ರಲ್ಲಿ ತಾತನ ಜೊತೆ ಸೇರಿ ಖಾಲಿ ಜಾಗಗಳನ್ನು ಗುಡಿಸಿದರು. ಸಿಕ್ಕ ಹಳೇ ಬೂಟು, ಗೊಂಬೆ, ಟೈರುಗಳಿಂದ ಪಾಳುಮನೆಗಳನ್ನು ಸಿಂಗರಿಸಿ, ಗೋಡೆಗೆ ಬಣ್ಣದ ಚುಕ್ಕಿ ಇಟ್ಟರು. ದೂರದೂರದಿಂದ ಜನ ನೋಡಲು ಬಂದರು. ಕೆಲವು ನೆರೆಯವರಿಗೆ ಮಾತ್ರ ಅದು ಬರೀ ಕಸ. ನಗರಾಡಳಿತ 1991 ಮತ್ತು 1999ರಲ್ಲಿ ಹಲವನ್ನು ಕೆಡವಿತು. 2013-14ರಲ್ಲಿ ಸಾಲುಸಾಲು ಬೆಂಕಿ ಬಿತ್ತು. ಗೈಟನ್ ಮತ್ತೆ ಮತ್ತೆ ಕಟ್ಟಿದರು.

ಕಲೆಯಿಂದ ಕಾರ್ಖಾನೆಗಳು ಮರಳಲಿಲ್ಲ. 2013ರಲ್ಲಿ ನಗರವೇ ದಿವಾಳಿ ಅರ್ಜಿ ಹಾಕಿತು. ಬಣ್ಣ ಉದ್ಯೋಗಕ್ಕೆ ಬದಲಿಯಲ್ಲ, ಕಸದ ಗಾಡಿಗೂ ಅಲ್ಲ. ಆದರೆ ಎಲ್ಲರೂ ಮರೆತ ಬೀದಿಯತ್ತ ಊರು ತಿರುಗಿ ನೋಡುವಂತೆ ಅದು ಮಾಡಿತು. ಗೈಟನ್ ಅಲ್ಲಿ ನಿಂತರು, ನಾವು ಹೊರಟುಬಂದೆವು. ವ್ಯತ್ಯಾಸ ಇರುವುದು ಬಣ್ಣದಲ್ಲಲ್ಲ, ಮರುದಿನ ಮತ್ತೆ ಪೊರಕೆ ಹಿಡಿಯುವುದರಲ್ಲಿ. ಈ ಭಾನುವಾರ ಆ ಮೂಲೆಗೆ ಮತ್ತೆ ಹೋಗುತ್ತಿದ್ದೇನೆ.