ಹುಳುವಿಗೆ ಸಿಗುವ ನಿದ್ದೆ ನಮಗೇಕಿಲ್ಲ?

‘ಚಿಂತೆ ಇಲ್ಲದವನಿಗೆ ಸಂತೆಯಲ್ಲೂ ನಿದ್ದೆ’ ಎಂದು ಗಾದೆ. ‘ಇಲ್ಲದವನಿಗೆ’ ಎಂದಿದೆ, ‘ಇಲ್ಲದವಳಿಗೆ’ ಎಂದಿಲ್ಲ. ಗಾದೆ ಕಟ್ಟಿದವರಿಗೆ ಸತ್ಯ ಗೊತ್ತಿತ್ತು!

ನಮ್ಮ ಹಾರೋಹಳ್ಳಿ ಸುತ್ತಮುತ್ತ ರೇಷ್ಮೆ ಸಾಕುವ ಮನೆಗಳನ್ನು ನೋಡಿ. ಹುಳು ಗೂಡು ಕಟ್ಟುವ ಮುನ್ನ ನಾಲ್ಕು ಸಲ ಪೊರೆ ಬಿಡುತ್ತದೆ. ಅದಕ್ಕೆ ನಾವು ‘ಜ್ವರ’ ಎನ್ನುತ್ತೇವೆ. ತಲೆ ಎತ್ತಿ ಅಲುಗಾಡದೆ ಕೂತ ಹುಳುವನ್ನು ಆಗ ಯಾರೂ ಮುಟ್ಟುವುದಿಲ್ಲ, ಸೊಪ್ಪೂ ಹಾಕುವುದಿಲ್ಲ. ಕೆಣಕಿದರೆ ಬೆಳೆ ಕೆಡುತ್ತದೆಂದು ಗಂಡಸರಿಗೂ ಗೊತ್ತು. ಅದೇ ಮನೆಯಲ್ಲಿ ರಾತ್ರಿಯ ಸೊಪ್ಪು ಹಾಕಿ, ಪಾತ್ರೆ ತೊಳೆದು, ಹನ್ನೊಂದಕ್ಕೆ ಹಾಸಿಗೆ ಸೇರಿದ ಹೆಂಗಸು ನಾಲ್ಕೂವರೆಗೆ ಏಳುತ್ತಾಳೆ. ನಡುವೆ ಮಗು ಅತ್ತರೆ, ಅತ್ತೆ ಕೆಮ್ಮಿದರೆ ಏಳುವವಳೂ ಅವಳೇ. ಕೈಗಾರಿಕಾ ಪ್ರದೇಶದ ಫ್ಯಾಕ್ಟರಿಗೆ ಹೋಗುವವಳ ಪಾಡೂ ಇಷ್ಟೇ. ಶಿಫ್ಟ್ ಬಸ್ಸು ಬರುವಷ್ಟರಲ್ಲಿ ಮನೆಮಂದಿಯ ಡಬ್ಬಿಗಳೆಲ್ಲ ತುಂಬಿರಬೇಕು.

ನಿದ್ದೆಯಿಲ್ಲ ಎಂದರೆ ಉಪದೇಶ ಸಿದ್ಧ. ಬಿಸಿ ಹಾಲು ಕುಡಿಯಿರಿ, ಅಂಗಾಲಿಗೆ ಎಣ್ಣೆ ತಿಕ್ಕಿ! ಹಾಲು ಕಾಯಿಸಿದ ಪಾತ್ರೆ ತೊಳೆಯುವವರು ಯಾರು ಸ್ವಾಮಿ? ತಲೆಸುತ್ತೆಂದು ಹೋದಾಗ ಒಬ್ಬ ಡಾಕ್ಟರು ನನಗೂ “ಚೆನ್ನಾಗಿ ನಿದ್ದೆ ಮಾಡಿ ಅಮ್ಮ” ಎಂದರು. ರಾತ್ರಿ ಎಷ್ಟು ಸಲ ಏಳುತ್ತೀರಿ ಎಂದು ಮಾತ್ರ ಕೇಳಲಿಲ್ಲ.

ದೊಡ್ಡವರಿಗೆ ದಿನಕ್ಕೆ 7 ಗಂಟೆಯಾದರೂ ನಿದ್ದೆ ಬೇಕೆನ್ನುತ್ತದೆ ವೈದ್ಯಶಾಸ್ತ್ರ. ದೇಹ ಸುಧಾರಿಸಿಕೊಳ್ಳುವ ಗಾಢನಿದ್ರೆ ಹೆಚ್ಚಾಗಿ ರಾತ್ರಿಯ ಮೊದಲ ಪಾಲಿನಲ್ಲಿ, ಕನಸಿನ ನಿದ್ರೆ ಹೆಚ್ಚಾಗಿ ಬೆಳಗಿನ ಜಾವದಲ್ಲಿ. ಮೊದಲನೆಯದನ್ನು ಮಗುವಿನ ಅಳು ಕತ್ತರಿಸುತ್ತದೆ, ಎರಡನೆಯದನ್ನು ಅಲಾರಂ. ವರ್ಷಗಟ್ಟಲೆ ಹೀಗೇ ನಡೆದರೆ ರಕ್ತದೊತ್ತಡ, ಸಕ್ಕರೆ ಕಾಯಿಲೆ, ಖಿನ್ನತೆ ಬರುವ ಸಾಧ್ಯತೆ ಹೆಚ್ಚುತ್ತದೆ. ನಾವೋ, ‘ವಯಸ್ಸಾಯಿತು ಬಿಡು’ ಎಂದು ಸುಮ್ಮನಾಗುತ್ತೇವೆ.

ವಯಸ್ಸಿನ ಮೇಲೆ ತಪ್ಪು ಹೊರಿಸಬೇಡಿ. ಕೇಂದ್ರ ಸರ್ಕಾರದ 2024ರ ಸಮಯ ಬಳಕೆ ಸಮೀಕ್ಷೆಯ ಪ್ರಕಾರ, ಸಂಬಳವಿಲ್ಲದ ಮನೆಗೆಲಸ ಮಾಡುವವರಲ್ಲಿ ಹೆಂಗಸರು ದಿನಕ್ಕೆ ಸರಾಸರಿ 289 ನಿಮಿಷ ದುಡಿದರೆ ಗಂಡಸರು 88 ನಿಮಿಷ. ವ್ಯತ್ಯಾಸ ಮೂರು ಗಂಟೆಗೂ ಮಿಕ್ಕಿದ್ದು. ಕಳೆದುಹೋದ ನಿದ್ದೆಯನ್ನು ಇನ್ನೆಲ್ಲಿ ಹುಡುಕಬೇಕು ಹೇಳಿ?

ದೆಹಲಿಯ ರಾಮಲೀಲಾ ಮೈದಾನದಲ್ಲಿ ಮಲಗಿದ್ದವರನ್ನು ಪೊಲೀಸರು ನಡುರಾತ್ರಿ ಎಬ್ಬಿಸಿ ಓಡಿಸಿದ ಪ್ರಕರಣದಲ್ಲಿ, 2012ರಲ್ಲಿ, ನಿದ್ದೆಯೂ ಬದುಕುವ ಹಕ್ಕಿನ ಭಾಗವೆಂದು ಸುಪ್ರೀಂ ಕೋರ್ಟ್ ಹೇಳಿತು. ಮೈದಾನದಲ್ಲಿ ಮಲಗಿದವರಿಗಿರುವ ಹಕ್ಕು ಮನೆಯಲ್ಲಿ ಮಲಗಿದವಳಿಗಿಲ್ಲವೆ? ಅದಕ್ಕಾಗಿ ನಾವು ಕೋರ್ಟಿಗೆ ಹೋಗಬೇಕಿಲ್ಲ, ಮನೆಯಲ್ಲಿ ಬಾಯಿ ಬಿಟ್ಟರೆ ಸಾಕು. ರಾತ್ರಿಯ ಪಾತ್ರೆ ಮಗ ತೊಳೆಯಲಿ. ಮಗು ಅತ್ತರೆ ಒಂದು ದಿನ ಬಿಟ್ಟು ಒಂದು ದಿನ ಅದರಪ್ಪ ಏಳಲಿ. ‘ನಮ್ಮ ಸೊಸೆ ನಾಲ್ಕಕ್ಕೇ ಏಳ್ತಾಳೆ’ ಎಂದು ನೆಂಟರ ಮುಂದೆ ಹೊಗಳುವುದನ್ನು ಅತ್ತೆಯರು ನಿಲ್ಲಿಸಲಿ.

ಒಡವೆ ಕೇಳಲು ನಮಗೆ ನಾಚಿಕೆಯಿಲ್ಲ. ಏಳು ಗಂಟೆ ನಿದ್ದೆ ಕೇಳಲು ಸಂಕೋಚವೇಕೆ?