ಪೊಲೀಸರ ವರ್ಗ ಯಾರ ಮನೆಯ ಸೊತ್ತು?

ಫೌಜುದಾರನಿಗೆ ವರ್ಗವಾದರೆ ನಮಗೇನು ಎಂದು ಕೇಳುವ ಅಂಗಡಿಕಾರರು ನಮ್ಮಲ್ಲಿದ್ದಾರೆ. ಅವರ ಲಾಠಿಯ ರುಚಿ ನಮ್ಮ ಬೆನ್ನು ಬಲ್ಲದು, ಅವರ ಗೊಡವೆ ನಮಗೇಕೆ ಎನ್ನುವ ಗಿರಣಿ ಕಾರ್ಮಿಕರೂ ಇದ್ದಾರೆ. ಬಂಧುಗಳೇ, ಆ ಲಾಠಿ ಯಾರ ಮಾತಿಗೆ ಏಳಬೇಕು, ಯಾರ ಮಾತಿಗೆ ಇಳಿಯಬೇಕು ಎಂಬುದು ತೀರ್ಮಾನವಾಗುವುದೇ ವರ್ಗದ ಆಜ್ಞೆಯಲ್ಲಿ. ಮಾಲೀಕನ ಗೂಂಡಾಗಳ ಮೇಲೆ ದೂರು ದಾಖಲು ಮಾಡಿಕೊಂಡ ಸಬ್ ಇನ್ಸ್‌ಪೆಕ್ಟರನು ಮೂರನೆಯ ತಿಂಗಳಿಗೆ ಗಂಟುಮೂಟೆ ಕಟ್ಟಿದರೆ, ಅವನ ಕುರ್ಚಿಗೆ ಬಂದವನು ಆ ಕಡತ ಬಿಚ್ಚುವನೇ? ಹಣ ಸುರಿದು ಠಾಣೆ ಹಿಡಿದವನು ಅದನ್ನು ಮಂತ್ರಿಯ ಮನೆಯಿಂದ ವಸೂಲು ಮಾಡುವುದಿಲ್ಲ. ಕೈಗಾಡಿಯವನಿಂದ, ಬೀಡಾ ಅಂಗಡಿಯವನಿಂದ, ನಿಮ್ಮ ಗಲ್ಲಾಪೆಟ್ಟಿಗೆಯಿಂದ ಮಾಡುತ್ತಾನೆ.

ಇದಕ್ಕೆ ಮದ್ದಿಲ್ಲವೆಂದಲ್ಲ. 1977ರಲ್ಲಿ ಧರ್ಮವೀರರ ಅಧ್ಯಕ್ಷತೆಯಲ್ಲಿ ನೇಮಕವಾದ ರಾಷ್ಟ್ರೀಯ ಪೊಲೀಸ್ ಆಯೋಗವು 1981ರ ವೇಳೆಗೆ ಎಂಟು ವರದಿ ಬರೆಯಿತು. ಅವು ಧೂಳು ತಿಂದವು. ನಿವೃತ್ತ ಅಧಿಕಾರಿ ಪ್ರಕಾಶ್ ಸಿಂಗ್ 1996ರಲ್ಲಿ ಸುಪ್ರೀಂ ಕೋರ್ಟಿನ ಮೆಟ್ಟಿಲು ಹತ್ತಿದರು. ಹತ್ತು ವರ್ಷ ಕಾದ ಮೇಲೆ 2006ರ ಸೆಪ್ಟೆಂಬರ್ 22ರಂದು ತೀರ್ಪಾಯಿತು. ಠಾಣಾಧಿಕಾರಿಯಿಂದ ಮಹಾನಿರ್ದೇಶಕರ ವರೆಗೆ ಹೊಣೆಯ ಸ್ಥಾನದಲ್ಲಿರುವವರಿಗೆ ಕನಿಷ್ಠ ಎರಡು ವರ್ಷದ ಅವಧಿ ಕೊಡಿ. ಡಿವೈಎಸ್ಪಿ ಮತ್ತು ಅವರ ಕೆಳಗಿನವರ ವರ್ಗ, ಬಡ್ತಿಗಳನ್ನು ಪೊಲೀಸ್ ಅಧಿಕಾರಿಗಳದೇ ಮಂಡಳಿ ನೋಡಲಿ. ಸರಕಾರ ಕೈಹಾಕುವುದು ಅಪರೂಪಕ್ಕೆ, ಅದೂ ಕಾರಣ ಬರೆದಿಟ್ಟು. ಕರ್ನಾಟಕವೂ 2012ರಲ್ಲಿ ಪೊಲೀಸ್ ಕಾಯಿದೆ ತಿದ್ದಿ ಮಂಡಳಿ ಮಾಡಿತು. ಮಂಡಳಿ ಇದೆ, ಶಾಸಕರ ಶಿಫಾರಸು ಪತ್ರವೂ ಇದೆ. ಯಾವುದರ ಶಾಯಿ ಗಟ್ಟಿಯೆಂದು ಯಾವ ಪೇದೆಯನ್ನು ಕೇಳಿದರೂ ಹೇಳಿಯಾನು!

ನೆರೆಯ ಕೇರಳವನ್ನು ನೋಡಿ. 2016ರಲ್ಲಿ ಗದ್ದುಗೆಗೆ ಬಂದ ಎಡರಂಗ ಸರಕಾರವು ಬಂದ ಹೊಸದರಲ್ಲೇ ಮಹಾನಿರ್ದೇಶಕ ಟಿ.ಪಿ. ಸೆನ್‌ಕುಮಾರರನ್ನು ಎತ್ತಂಗಡಿ ಮಾಡಿತು. ನ್ಯಾಯಮಂಡಳಿಯಲ್ಲಿ ಸೋತರು, ಹೈಕೋರ್ಟಿನಲ್ಲಿ ಸೋತರು. 2017ರ ಏಪ್ರಿಲ್ 24ರಂದು ಸುಪ್ರೀಂ ಕೋರ್ಟು ಅವರನ್ನು ಮತ್ತೆ ಅದೇ ಕುರ್ಚಿಯಲ್ಲಿ ಕೂರಿಸಿತು. ಜೂನ್ ಕೊನೆಗೆ ಅವರ ನಿವೃತ್ತಿ! ಎಡವೆಂಬ ಹಲಗೆ ತೂಗುಹಾಕಿಕೊಂಡವರು ಮಾಡಿದರೆಂದು ನಾವು ಬಾಯಿ ಮುಚ್ಚಿಕೊಳ್ಳಬೇಕಾಗಿಲ್ಲ. ಕೆಂಪು ಶಾಯಿಯಲ್ಲಿ ಬರೆದರೂ ತಪ್ಪು ತಪ್ಪೇ.

ಆದರೆ ಅವರು ದೊಡ್ಡವರು, ಡೆಲ್ಲಿಯ ವಕೀಲರನ್ನು ಹಿಡಿದರು. ಪೇದೆಯ ಗತಿಯೇನು? ವರ್ಗವೆಂಬುದು ನೌಕರಿಯ ಜೊತೆಗೇ ಬಂದದ್ದು, ದುರುದ್ದೇಶವನ್ನೋ ನಿಯಮಭಂಗವನ್ನೋ ರುಜುವಾತುಪಡಿಸದೆ ನಾವು ನಡುವೆ ಬರುವುದಿಲ್ಲವೆಂದು 1991ರ ಶಿಲ್ಪಿ ಬೋಸ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಟೆಲಿಫೋನಿನಲ್ಲಿ ಹೊರಟ ದುರುದ್ದೇಶಕ್ಕೆ ರುಜುವಾತು ಎಲ್ಲಿಂದ ತರುವುದು? 1986ರಲ್ಲಿ ರಾಜ್ಯದ ಆಡಳಿತ ನ್ಯಾಯಮಂಡಳಿ ಬಂದಾಗ ಬಡ ನೌಕರನಿಗೆ ಬೇಗ ನ್ಯಾಯವೆಂದರು. 1997ರ ತೀರ್ಪಿನ ನಂತರ ಮಂಡಳಿಯ ಮೇಲೆ ಹೈಕೋರ್ಟು, ಅದರ ಮೇಲೆ ಸುಪ್ರೀಂ ಕೋರ್ಟು. ಮೂರು ಮೆಟ್ಟಿಲು, ಮೂರು ಫೀಜು.

ಜ್ಯೇಷ್ಠತೆಯ ಕಥೆಯೂ ಇದೇ. ಮೀಸಲಾತಿಯಲ್ಲಿ ಬಡ್ತಿ ಪಡೆದವರ ಜ್ಯೇಷ್ಠತೆ ಕಾಯುವ 2002ರ ರಾಜ್ಯ ಕಾಯಿದೆಯನ್ನು 2017ರಲ್ಲಿ ಕೋರ್ಟು ಹೊಡೆದುಹಾಕಿತು; ಮತ್ತೆ ಮಾಡಿದ ಕಾಯಿದೆಯನ್ನು 2019ರ ಮೇ ತಿಂಗಳಲ್ಲಿ ಎತ್ತಿಹಿಡಿಯಿತು. ಎತ್ತಿಹಿಡಿದದ್ದು ನ್ಯಾಯವೇ. ಆದರೆ ಮೊದಲೇ ಅಂಕಿ ಅಂಶ ಕೂಡಿಸಿ ಕಾಯಿದೆ ಮಾಡಿದ್ದರೆ ನೌಕರ ನೌಕರನ ಮುಖ ನೋಡದ ಆ ಎರಡು ವರ್ಷಗಳು ತಪ್ಪುತ್ತಿದ್ದವು. ಸರಕಾರದ ಸೋಮಾರಿತನಕ್ಕೆ ದಲಿತ ನೌಕರನು ಬೈಗುಳ ತಿನ್ನಬೇಕಾಯಿತು.

ಗಿರಣಿಯಲ್ಲಿ ಅನ್ಯಾಯವಾದರೆ ಸಂಘದ ಬಾಗಿಲು ತಟ್ಟುತ್ತೀರಿ. ಪೇದೆಗೆ ಆ ಬಾಗಿಲೇ ಇಲ್ಲ. 1966ರ ಕೇಂದ್ರ ಕಾಯಿದೆಯು ಅಪ್ಪಣೆಯಿಲ್ಲದೆ ಕಾರ್ಮಿಕ ಸಂಘ ಸೇರಬಾರದೆಂದು ಬೀಗ ಜಡಿದಿದೆ. 2016ರ ಜೂನ್ 4ರಂದು ಸಾಮೂಹಿಕ ರಜೆ ಹಾಕುತ್ತೇವೆಂದು ಕರ್ನಾಟಕದ ಪೇದೆಗಳು ಹೊರಟಾಗ, ಮುಂದಾಳುವಿನ ಮೇಲೆ ಹೇರಿದ್ದು ರಾಜದ್ರೋಹದ ಮೊಕದ್ದಮೆ. ಸಂಬಳ, ರಜೆ ಕೇಳುವುದು ರಾಜದ್ರೋಹವಂತೆ!

ಪೇದೆಗೆ ಸಂಘದ ಹಕ್ಕು ಬೇಕು. ಜ್ಯೇಷ್ಠತೆಯ ಪಟ್ಟಿ ವರ್ಷ ವರ್ಷ ಹೊರಬೀಳಬೇಕು. ಅವಧಿಗೆ ಮುಂಚಿನ ಪ್ರತಿ ವರ್ಗದ ಕಾರಣವನ್ನು ಠಾಣೆಯ ಹಲಗೆಗೆ ಅಂಟಿಸಬೇಕು. ಓಟು ಕೇಳಲು ನಿಮ್ಮ ಕೇರಿಗೆ ಬರುವ ಶಾಸಕರನ್ನು, ಫೌಜುದಾರರಿಗಾಗಿ ತಾವು ಬರೆದ ಶಿಫಾರಸು ಪತ್ರಗಳ ನಕಲು ಕೊಡುವಿರಾ ಸ್ವಾಮಿ, ಎಂದು ನಾಲ್ಕು ಜನರೆದುರು ಕೇಳಿರಿ.