ಮಾತು ಬಾರದವನ ಸಾಕ್ಷಿ

ಕಲೆಗೆ ರಾಜಕೀಯ ಅಂಟಬಾರದು ಅಂತ ಉಪದೇಶ ಮಾಡುವ ಪಂಡಿತರಿಗೆ ನಮ್ಮದೊಂದು ಪ್ರಶ್ನೆ. ಪಕ್ಕದಲ್ಲಿ ನಿಂತ ಸಹನಟಿಗೆ ಸೈನಿಕನ ಗುಂಡು ತಗುಲಿದರೆ ನಟನಾದವನು ಏನು ಮಾಡಬೇಕು? ಮುಂದಿನ ನಾಟಕಕ್ಕೆ ಬಣ್ಣ ಹಚ್ಚಿಕೊಳ್ಳುತ್ತಾ ಕೂರಬೇಕೇನು?

ಮೊಹಮ್ಮದ್ ಬಕ್ರಿ ಕೂರಲಿಲ್ಲ. 2002ರ ಏಪ್ರಿಲ್‌ನಲ್ಲಿ ಇಸ್ರೇಲಿ ಸೈನ್ಯ ಪ್ಯಾಲೆಸ್ತೀನಿನ ಜೆನಿನ್ ನಿರಾಶ್ರಿತರ ಶಿಬಿರಕ್ಕೆ ನುಗ್ಗಿತ್ತು. ಅದನ್ನು ಪ್ರತಿಭಟಿಸಲು ತಪಾಸಣಾ ಠಾಣೆಯ ಬಳಿ ಸೇರಿದವರ ಮೇಲೆ ಗುಂಡು ಹಾರಿತು. ಬಕ್ರಿಯ ಜೊತೆಗಿದ್ದ ನಟಿಗೆ ಗಾಯವಾಯಿತು. ಆಮೇಲೆ ಅವರು ಕ್ಯಾಮೆರಾ ತಗೊಂಡು ಶಿಬಿರ ಹೊಕ್ಕರು. ಹುಟ್ಟಿದ್ದು ‘ಜೆನಿನ್, ಜೆನಿನ್’ ಸಾಕ್ಷ್ಯಚಿತ್ರ.

ಬಕ್ರಿ ಹುಟ್ಟಿದ್ದು 1953ರಲ್ಲಿ, ಗಲಿಲೀ ಪ್ರಾಂತ್ಯದ ಅರಬ್ ಹಳ್ಳಿಯೊಂದರಲ್ಲಿ. ಕಾಗದದ ಮೇಲೆ ಇಸ್ರೇಲಿನ ಪ್ರಜೆ. ಆಳುವವರ ಕಣ್ಣಿಗೆ ಸದಾ ಅನುಮಾನದ ಮನುಷ್ಯ. ನಟನೆ ಕಲಿತು ರಂಗಕ್ಕೆ ಬಂದರು, ಸಿನಿಮಾಗಳಲ್ಲಿ ಹೆಸರು ಮಾಡಿದರು. 1986ರಿಂದ ಎಮಿಲ್ ಹಬೀಬಿಯ ಕಾದಂಬರಿಯನ್ನು ಏಕವ್ಯಕ್ತಿ ನಾಟಕವಾಗಿಸಿ ಅರಬ್ಬಿಯಲ್ಲೂ ಹೀಬ್ರೂವಿನಲ್ಲೂ ವರ್ಷಗಟ್ಟಲೆ ಆಡಿದರು. ಪ್ರಭುತ್ವದ ಬಾಲಬಡುಕನಾಗಿಯಾದರೂ ಬದುಕಿ ಉಳಿಯೋಣ ಅಂದುಕೊಳ್ಳುವ ಸಯೀದನ ಕಥೆ ಅದು. ಬಾಲ ಬಡಿದರೂ ಬಿಡುಗಡೆ ಇಲ್ಲ ಅನ್ನೋದನ್ನ ಆಳುವವರ ಭಾಷೆಯಲ್ಲೇ ಅವರ ಮುಖಕ್ಕೆ ಹೇಳಿದ ನಾಟಕ.

1998ರಲ್ಲಿ ಅದೇ ನಾಟಕದ ದೃಶ್ಯಗಳ ನಡುವೆ, ಊರು ಕಳಕೊಂಡ ಮುದುಕ ಮುದುಕಿಯರ ಮಾತು ಪೋಣಿಸಿ ‘1948’ ಎಂಬ ಚಿತ್ರ ಮಾಡಿದರು. ಸಿನಿಮಾಕ್ಕೆ ಅವರು ಹೀಗೆ ದಾಟಿದರು. ರಂಗಕ್ಕೆ ಕರೆತರಲಾಗದ ಜನರಿದ್ದರು. ಅವರ ಬಳಿಗೆ ಕ್ಯಾಮೆರಾ ಹೋಯಿತು, ಅಷ್ಟೆ.

‘ಜೆನಿನ್, ಜೆನಿನ್’ನಲ್ಲಿ ಹಿನ್ನೆಲೆಯಿಂದ ವಿವರಿಸುವ ಪಂಡಿತನ ದನಿ ಇಲ್ಲ. ಮಾತು ಬಾರದ, ಕಿವಿ ಕೇಳದ ಒಬ್ಬ ಮನುಷ್ಯ ಕೈಸನ್ನೆಯಲ್ಲೇ ದಾರಿ ತೋರುತ್ತಾನೆ. ಎಲ್ಲಿ ಗುಂಡು ಬಿತ್ತು, ಯಾರು ಹೇಗೆ ಬಿದ್ದರು, ಮೈಯಲ್ಲೇ ಆಡಿ ತೋರಿಸುತ್ತಾನೆ. ರಂಗಭೂಮಿ ಬೇರೇನು?

ಆಗ ಶುರುವಾಯಿತು ‘ಇನ್ನೊಂದು ಮಗ್ಗುಲು ಎಲ್ಲಿ?’ ಎಂಬ ಕೂಗು. 2002ರಲ್ಲೇ ಇಸ್ರೇಲಿನ ಸೆನ್ಸಾರ್ ಮಂಡಳಿ ಚಿತ್ರವನ್ನು ನಿಷೇಧಿಸಿತು. 2003ರಲ್ಲಿ ಸುಪ್ರೀಂ ಕೋರ್ಟು ನಿಷೇಧ ರದ್ದು ಮಾಡಿತು. ಅಲ್ಲಿಗೆ ಮುಗಿಯಿತೆ? ಸೈನಿಕರು ಮಾನನಷ್ಟದ ದಾವೆ ಹೂಡಿ ಸೋತರು. ಮತ್ತೊಬ್ಬ ಸೈನಿಕ ಹೂಡಿದ. 2021ರಲ್ಲಿ ಲೋದ್ ನಗರದ ನ್ಯಾಯಾಲಯ ಇಸ್ರೇಲಿನಲ್ಲಿ ಚಿತ್ರ ತೋರಿಸಬಾರದೆಂದಿತು. 1,75,000 ಶೆಕೆಲ್ ಪರಿಹಾರ ಕೊಡಬೇಕೆಂದಿತು. 2022ರಲ್ಲಿ ಸುಪ್ರೀಂ ಕೋರ್ಟು ಅದನ್ನೇ ಎತ್ತಿಹಿಡಿಯಿತು.

ನಾವು ಕುರುಡು ಭಕ್ತರಲ್ಲ. ಜೆನಿನ್‌ನಲ್ಲಿ ನೂರಾರು ಜನ ಸತ್ತರೆಂದು ಮೊದಲು ಸುದ್ದಿ ಹಬ್ಬಿತ್ತು. ವಿಶ್ವಸಂಸ್ಥೆಯ ವರದಿ ಕೊಟ್ಟ ಲೆಕ್ಕ ಕನಿಷ್ಠ 52 ಪ್ಯಾಲೆಸ್ತೀನಿಯರು, 23 ಇಸ್ರೇಲಿ ಸೈನಿಕರು. ನೊಂದವರ ಸತ್ಯಕ್ಕೆ ಉತ್ಪ್ರೇಕ್ಷೆಯ ಊರುಗೋಲು ಬೇಕಿಲ್ಲ. ಕಳ್ಳತನದ ಆರೋಪದ ಮಾತಿನ ಜೊತೆ ತನ್ನ ಮುಖ ತೋರಿಸಿದ್ದಾರೆಂಬುದು ಆ ಸೈನಿಕನ ದೂರು. ಅವನು ತೆರೆಯ ಮೇಲೆ ಇದ್ದದ್ದು ಕೆಲವೇ ಕ್ಷಣ. ತಪ್ಪಿದ್ದರೆ ಆ ಕ್ಷಣಗಳನ್ನು ಕಿತ್ತುಹಾಕಿ. ಉತ್ತರವಾಗಿ ಇನ್ನೊಂದು ಚಿತ್ರ ಮಾಡಿ. ಒಂದು ಮುಖದ ನೆಪದಲ್ಲಿ ಇಡೀ ಶಿಬಿರದ ಬಾಯಿ ಹೊಲಿಯುವುದು ಯಾವ ನ್ಯಾಯ?

ಬುಲ್ಡೋಜರು ಮನೆ ಕೆಡವುವಾಗ ಯಾರ ಇನ್ನೊಂದು ಮಗ್ಗುಲನ್ನೂ ಕೇಳಲಿಲ್ಲ. ಸಮತೋಲನ ಅನ್ನೋ ತಕ್ಕಡಿ ಹೊರಗೆ ಬರೋದು ಬಡವ ಬಾಯಿ ತೆರೆದಾಗ ಮಾತ್ರ. ಸಾಕ್ಷಿ ಹೇಳಿದವನನ್ನೇ ಕಟಕಟೆಗೆ ಹತ್ತಿಸುವ ಈ ಆಟ ನಮ್ಮ ಕೇರಿಗಳಿಗೂ ಹೊಸದಲ್ಲ.

ಬಕ್ರಿ 2025ರ ಡಿಸೆಂಬರ್‌ನಲ್ಲಿ ತೀರಿಕೊಂಡರು. ಸುಮಾರು ಇಪ್ಪತ್ತು ವರ್ಷ ಕೋರ್ಟು ಅಲೆದವರು ಅವರು. ಒಂದು ಸಾಕ್ಷ್ಯಚಿತ್ರಕ್ಕೆ ಇಷ್ಟು ಹೆದರುವ ಪ್ರಭುತ್ವ ಎಂಥ ಬಲಶಾಲಿ?

ಗೆಳೆಯರೇ, ಮೇಷ್ಟರುಗಳೇ, ಬೀದಿನಾಟಕ ಆಡುವ ಹುಡುಗ ಹುಡುಗಿಯರೇ, ಕಲೆಯ ಶುದ್ಧಿಯ ಪಾಠ ಹೇಳಲು ಬಂದವರಿಗೆ ಆ ಮಾತು ಬಾರದವನ ಕೈಗಳನ್ನು ತೋರಿಸಿ. ಪ್ರಿಂಟುಗಳನ್ನು ಜಪ್ತಿ ಮಾಡಬಹುದು. ಕಂಡದ್ದನ್ನು ಆಡಿ ತೋರಿಸುವ ಮೈಯನ್ನು ಯಾವ ಕೋರ್ಟು ಜಪ್ತಿ ಮಾಡೀತು?